ಡಬ್ಬಿ ಹಳೇದಾಗಲ್ಲ, ಡ್ರೈವರ್ ಹಳೇದಾಗುತ್ತೆ

ಪುಣೆ ಕ್ಯಾಂಪಿನಲ್ಲಿ ಕನ್ನಡದಲ್ಲಿ ಆಡಿದ ಮಾತಿನ ಬರಹ ರೂಪ ಇದು. ಮಾತಿನ ಧಾಟಿಯನ್ನು ಹಾಗೇ ಬಿಟ್ಟಿದ್ದೇನೆ. ಪರದೆ ಮೇಲೆ ತೋರಿಸಿದ್ದನ್ನು ಅಲ್ಲಲ್ಲಿ ಒಂದು ಸಾಲಿನಲ್ಲಿ ವಿವರಿಸಿದ್ದೇನೆ.

ಭಾನುವಾರ ಬೆಳಿಗ್ಗೆ ಕ್ಯಾಂಪಿನಲ್ಲಿ ಪಾರ್ಕಿಂಗ್ ಹುಡುಕಿಕೊಂಡು ಇಲ್ಲಿವರೆಗೆ ಬಂದಿದ್ದೀರಿ, ಅದೇ ದೊಡ್ಡದು. ನಾನು ಸಾಫ್ಟ್‌ವೇರ್ ಎಂಜಿನಿಯರ್. ಎಂಟೆಕ್ ಮಾಡಿದ್ದು ಕಮ್ಯುನಿಕೇಶನ್ಸ್‌ನಲ್ಲಿ. ಹೊಟ್ಟೆಪಾಡಿಗೆ ಬರೆಯೋದು ಡಿವೈಸ್ ಡ್ರೈವರ್‌ಗಳನ್ನ, ಅದರ ಮೇಲೆ ಕೂರೋ ಲೈಬ್ರರಿಗಳನ್ನ. ಊರಲ್ಲಿ ಕೇಳಿದ್ರೆ ‘ಕಂಪ್ಯೂಟರ್ ಕೆಲಸ’ ಅಂತಾರೆ, ನಾನೂ ಅಷ್ಟಕ್ಕೇ ಬಿಟ್ಟಿದ್ದೀನಿ.

ಮೇಜಿನ ಮೇಲೆ ಮೂರು ವಸ್ತು ಇಟ್ಟಿದ್ದೀನಿ ನೋಡಿ. ಒಂದು, ಪೆನ್ ಡ್ರೈವ್ ಥರ ಕಾಣೋ ಟಿವಿ ಕಡ್ಡಿ. ಎರಡು, ಎಕ್ಸ್‌ಪ್-ಐಸ್ ಅನ್ನೋ ಚಿಕ್ಕ ಡಬ್ಬಿ, ಕಾಲೇಜು ಫಿಸಿಕ್ಸ್ ಲ್ಯಾಬಿಗೆ ಅಂತ ಮಾಡಿದ್ದು. ಮೂರು, ಈ ಹಸಿರು ಬೋರ್ಡು. ಇದು ಹಳೇ ಪಿಸಿಐ ಸ್ಲಾಟಿಗೆ ಹಾಕೋ ಡೇಟಾ ಅಕ್ವಿಸಿಷನ್ ಕಾರ್ಡ್. ಮೂರೂ ಮಾಡೋ ಕೆಲಸ ಹೆಚ್ಚು ಕಮ್ಮಿ ಒಂದೇ. ಹೊರಗಿನ ಜಗತ್ತಿನ ಯಾವುದೋ ವೋಲ್ಟೇಜನ್ನ ಅಂಕಿ ಮಾಡಿ ಕಂಪ್ಯೂಟರಿಗೆ ಕೊಡೋದು. ಮೂರರಲ್ಲಿ ಅತಿ ದುಬಾರಿ ಈ ಹಸಿರು ಬೋರ್ಡು. ಕೆಲಸಕ್ಕೆ ಬಾರದ್ದೂ ಅದೇ.

ಇದರ ಕಥೆ ಮೊದಲು ಹೇಳ್ತೀನಿ. ನಮ್ಮ ಕಾಕಾ ಗದಗ ಕಡೆ ಒಂದು ಕಾಲೇಜಿನಲ್ಲಿ ಫಿಸಿಕ್ಸ್ ಮೇಷ್ಟ್ರು. ಕಾಲೇಜಿನ ಹೆಸರು, ಬೋರ್ಡ್ ಮಾಡಿದ ಕಂಪನಿ ಹೆಸರು ಎರಡೂ ಬೇಡ, ಇಂಥ ಕಥೆ ಹತ್ತು ಊರಲ್ಲಿ ಸಿಗುತ್ತೆ. ಅವರ ಲ್ಯಾಬಿನಲ್ಲಿ ಒಂದು ಸೆಟಪ್ ಇತ್ತು. ಥರ್ಮೋಕಪಲ್, ಸ್ಟ್ರೇನ್ ಗೇಜ್, ಫೋಟೋ ಡಯೋಡ್ ಎಲ್ಲ ಈ ಕಾರ್ಡಿಗೆ ಬಂದು ಸೇರ್ತಿದ್ವು. ಹದಿನಾರು ಚಾನೆಲ್, 12 ಬಿಟ್. ಆ ಕಾಲಕ್ಕೆ ಚೆನ್ನಾಗೇ ಇತ್ತು. ಜೊತೆಗೆ ಒಂದು ಸಿಡಿ, ಅದರಲ್ಲಿ ವಿಂಡೋಸ್ ಎಕ್ಸ್‌ಪಿಯ ಡ್ರೈವರ್ರು, ಒಂದು ಡಿಎಲ್‌ಎಲ್ ಫೈಲು. ಮೈಕ್ರೋಸಾಫ್ಟ್ 2014ರ ಏಪ್ರಿಲ್‌ನಲ್ಲಿ ಎಕ್ಸ್‌ಪಿಗೆ ಬೆಂಬಲ ನಿಲ್ಲಿಸ್ತು. ಹೊಸ ಕಂಪ್ಯೂಟರ್‌ಗಳು 64 ಬಿಟ್ ವಿಂಡೋಸಿನ ಜೊತೆ ಬಂದ್ವು. 64 ಬಿಟ್ ವಿಂಡೋಸ್ 32 ಬಿಟ್ ಕರ್ನಲ್ ಡ್ರೈವರನ್ನ ಒಳಗೆ ಬಿಟ್ಟುಕೊಳ್ಳೋದೇ ಇಲ್ಲ. ಹೊಸ ಡ್ರೈವರ್ ಕೊಡಿ ಅಂತ ಕಾಕಾ ಕಂಪನಿಗೆ ಬರೆದ್ರು, ಉತ್ತರ ಬರಲಿಲ್ಲ. ಹಾಗಾಗಿ ಒಂದು ಎಕ್ಸ್‌ಪಿ ಮಷೀನನ್ನ ವರ್ಷಾನುಗಟ್ಟಲೆ ಮುದುಕರನ್ನ ನೋಡಿಕೊಂಡ ಹಾಗೆ ನೋಡಿಕೊಂಡ್ರು. ಬ್ಯಾಟರಿ ಬದಲಿಸಿದ್ರು, ಹುಬ್ಬಳ್ಳಿಯಿಂದ ಸೆಕೆಂಡ್ ಹ್ಯಾಂಡ್ ಹಾರ್ಡ್ ಡಿಸ್ಕ್ ತರಿಸಿದ್ರು. ಕೊನೆಗೆ ಮದರ್‌ಬೋರ್ಡ್ ಹೋಯ್ತು.

ದೀಪಾವಳಿಗೆ ಊರಿಗೆ ಹೋದಾಗ ಕಾಕಾ ಬೋರ್ಡು ಕೈಗೆ ಕೊಟ್ಟು, “ಏನಪಾ, ಅಷ್ಟ್ ದೊಡ್ಡ ಕಂಪನ್ಯಾಗ ಕೆಲಸ ಮಾಡ್ತಿ, ಇದೊಂದು ಚಾಲೂ ಮಾಡಿ ಕೊಡಾಕ ಆಗಂಗಿಲ್ಲೇನು?” ಅಂದ್ರು.

ಪುಣೆಗೆ ತಂದೆ. ಪಿಸಿಐ ಸ್ಲಾಟ್ ಇರೋ ಹಳೇ ಮಷೀನಿಗೆ ಹಾಕಿ, ಲಿನಕ್ಸ್ ಬೂಟ್ ಮಾಡಿದೆ. ಪಿಸಿಐ ಪಟ್ಟಿ ತೆಗೆದು ನೋಡಿದ್ರೆ ಬೋರ್ಡು ಅಲ್ಲೇ ಇದೆ! ತನ್ನ ವೆಂಡರ್ ನಂಬರ್, ಡಿವೈಸ್ ನಂಬರ್ ಎರಡೂ ಸರಿಯಾಗಿ ಹೇಳ್ತಾ ಇದೆ. ಅಂದ್ರೆ ಜೀವ ಇದೆ, ಉಸಿರಾಡ್ತಾ ಇದೆ, ಮಾತಾಡೋರು ಮಾತ್ರ ಇಲ್ಲ. ಇಂಥ ಕಾರ್ಡುಗಳಿಗೆ ಅಂತಲೇ ಲಿನಕ್ಸ್‌ನಲ್ಲಿ ‘ಕೊಮೆಡಿ’ ಅನ್ನೋ ಪ್ರಾಜೆಕ್ಟ್ ಇದೆ. 2009ರಿಂದ ಕರ್ನಲ್ ಒಳಗೇ ಇದೆ, ನೂರಾರು ಕಾರ್ಡುಗಳಿಗೆ ಡ್ರೈವರ್ ಬರೆದಿದ್ದಾರೆ. ಈ ಕಾರ್ಡು ಆ ಪಟ್ಟಿಯಲ್ಲಿಲ್ಲ. ಜೊತೆಗಿದ್ದ ಮ್ಯಾನ್ಯುಯಲ್‌ನಲ್ಲಿ ಡಿಎಲ್‌ಎಲ್‌ನ ಫಂಕ್ಷನ್ ಹೆಸರುಗಳಿವೆಯೇ ಹೊರತು, ಯಾವ ರಿಜಿಸ್ಟರಿಗೆ ಏನು ಬರೆದರೆ ಏನಾಗುತ್ತೆ ಅನ್ನೋದು ಒಂದು ಸಾಲೂ ಇಲ್ಲ. ಆ ಗುಟ್ಟು ಕಂಪನಿ ಹತ್ತಿರ ಉಳೀತು, ಬೋರ್ಡು ನಮ್ಮ ಹತ್ತಿರ ಉಳೀತು.

ಇವತ್ತು ನಾನು ಮಾತಾಡೋಕೆ ಹೊರಟಿರೋದು ಈ ನಡುವಿನ ಪದರದ ಬಗ್ಗೆ. ಹಳೇ ಕಾಲದಲ್ಲಿ ದುಭಾಷಿ ಅಂತ ಇರ್ತಿದ್ರಲ್ಲ, ಹಾಗೆ. ಈ ಕ್ಯಾಂಪೇ ದುಭಾಷಿಗಳಿಂದ ನಡೆದ ಊರು ಅನ್ನಬಹುದು. ಬ್ರಿಟಿಷರ ದಂಡಿನ ಪ್ರದೇಶ ಇದು. ಇವತ್ತಿಗೂ ಎಂಜಿ ರೋಡಿನ ಅಂಗಡಿಯವ್ರು ಒಂದೇ ಉಸಿರಲ್ಲಿ ಮರಾಠಿ, ಹಿಂದಿ, ಗುಜರಾತಿ, ಇಂಗ್ಲಿಷ್ ಮಾತಾಡ್ತಾರೆ. ಸೊಲ್ಲಾಪುರ ಕಡೆಯವ್ರಾದ್ರೆ ನಮ್ಮ ಹತ್ತಿರ ಕನ್ನಡನೂ ಬರುತ್ತೆ. ಚಿಪ್ಪಿಗೆ ಗೊತ್ತಿರೋದು ರಿಜಿಸ್ಟರ್ ಭಾಷೆ. ಪೈಥಾನ್ ಬರೆಯೋ ಹುಡುಗಿಗೆ ಬೇಕಿರೋದು ‘ವೋಲ್ಟೇಜ್ ಎಷ್ಟು?’ ಅಂತ ಕೇಳೋ ಒಂದು ಸಾಲು. ನಡುವೆ ಇರೋದೇ ಡ್ರೈವರ್ ಮತ್ತು ಲೈಬ್ರರಿ. ದುಭಾಷಿ ಊರು ಬಿಟ್ಟು ಹೋದ್ರೆ ಎರಡೂ ಕಡೆಯವ್ರು ಸುಮ್ನೆ ಮುಖ ನೋಡ್ಕೊಂಡು ಕೂರಬೇಕು.

ಈಗ ಈ ಟಿವಿ ಕಡ್ಡಿಗೆ ಬರೋಣ. ಇದರ ಕಥೆ ಪೂರ್ತಿ ಉಲ್ಟಾ.

ಇದರೊಳಗೆ ರಿಯಲ್‌ಟೆಕ್ ಕಂಪನಿಯ ಆರ್‌ಟಿಎಲ್2832ಯು ಅನ್ನೋ ಚಿಪ್ ಇದೆ. ಯುರೋಪಿನ ಡಿವಿಬಿ-ಟಿ ಪ್ರಸಾರವನ್ನ ಲ್ಯಾಪ್‌ಟಾಪ್‌ನಲ್ಲಿ ನೋಡೋಕೆ ಅಂತ ಮಾಡಿದ್ದು. ನಮ್ಮ ದೂರದರ್ಶನ ಭೂಮಿ ಮೇಲಿನ ಡಿಜಿಟಲ್ ಪ್ರಸಾರಕ್ಕೆ ಆರಿಸಿಕೊಂಡಿದ್ದು ಡಿವಿಬಿ-ಟಿ2. ಈ ಚಿಪ್ಪಿಗೆ ಅದು ಬರಲ್ಲ. ಅಂದ್ರೆ ಪುಣೆಯಲ್ಲಿ ಟಿವಿ ಕಡ್ಡಿಯಾಗಿ ಇದರ ಬೆಲೆ ಸೊನ್ನೆ. ಆದ್ರೂ ಇದನ್ನ ಹುಡುಕಿ ಹುಡುಕಿ ಕೊಳ್ತಾರೆ. ಯಾಕೆ?

2012ರ ಶುರುವಿನಲ್ಲಿ ಆಂಟಿ ಪಾಲೊಸಾರಿ ಅನ್ನೋ ಫಿನ್ಲೆಂಡಿನ ಲಿನಕ್ಸ್ ಡೆವಲಪರ್ ಒಬ್ಬರು ಒಂದು ವಿಷಯ ಗಮನಿಸಿದ್ರು. ಈ ಚಿಪ್ ಎಫ್‌ಎಂ ರೇಡಿಯೋ ಕೇಳಿಸುವಾಗ ತಾನೇ ಏನೂ ಡಿಕೋಡ್ ಮಾಡ್ತಿರಲಿಲ್ಲ. ಕಚ್ಚಾ ಸ್ಯಾಂಪಲ್‌ಗಳನ್ನ ಹಾಗೇ ಯುಎಸ್‌ಬಿ ಮೇಲೆ ಕಂಪ್ಯೂಟರಿಗೆ ಸುರಿದು, ‘ಉಳಿದಿದ್ದು ನೀನೇ ನೋಡ್ಕೋ’ ಅಂತ ಬಿಡ್ತಿತ್ತು. ಕಂಪನಿ ಪಾಲಿಗೆ ಅದು ಖರ್ಚು ಉಳಿಸೋ ಉಪಾಯ. ರೇಡಿಯೋ ಹುಚ್ಚಿರೋರಿಗೆ ಚಿನ್ನ. ಕೂಡಲೇ ಆಸ್ಮೋಕಾಮ್ ಗುಂಪಿನವ್ರು ಅದಕ್ಕೆ ಒಂದು ಲೈಬ್ರರಿ ಬರೆದ್ರು. ಅದೇ ಲಿಬ್-ಆರ್‌ಟಿಎಲ್-ಎಸ್‌ಡಿಆರ್. ಸಾವಿರಾರು ಡಾಲರಿನ ಉಪಕರಣದ ಕೆಲಸದಲ್ಲಿ ಒಂದು ಪಾಲನ್ನಾದ್ರೂ ಈ ಕಡ್ಡಿ ಮಾಡೋಕೆ ಶುರು ಮಾಡ್ತು. ಆರ್820ಟಿ ಟ್ಯೂನರ್ ಇರೋ ಕಡ್ಡಿ ಆದ್ರೆ ಸುಮಾರು 24ರಿಂದ 1,766 ಮೆಗಾಹರ್ಟ್ಸ್ ತನಕ ಕೇಳಿಸಿಕೊಳ್ಳುತ್ತೆ.

ಆ ಲೈಬ್ರರಿಯ ಒಳಗೆ ಮಂತ್ರ ತಂತ್ರ ಏನಿಲ್ಲ. ನಾನು ಹೊಸಬರಿಗೆ ಮೊದಲು ಓದಿ ಅಂತ ಕೊಡೋದೇ ಈ ಕೋಡು. ಡಿವೈಸ್ ತೆರೆ, ಫ್ರೀಕ್ವೆನ್ಸಿ ಇಡು, ಸ್ಯಾಂಪಲ್ ರೇಟ್ ಇಡು, ಗೇನ್ ಇಡು, ಓದು, ಮುಚ್ಚು. ಮುಖ್ಯವಾದ್ದು ಇಷ್ಟೇ. ಕೆಳಗೆ ಅದು ಲಿಬ್‌ಯುಎಸ್‌ಬಿ ಅನ್ನೋ ಇನ್ನೊಂದು ಲೈಬ್ರರಿ ಮೇಲೆ ನಿಂತಿದೆ. ಲಿಬ್‌ಯುಎಸ್‌ಬಿ ಮಾಡಿದ ದೊಡ್ಡ ಉಪಕಾರ ಏನು ಅಂದ್ರೆ, ಯುಎಸ್‌ಬಿ ಸಾಧನದ ಜೊತೆ ಮಾತಾಡೋಕೆ ಕರ್ನಲ್ ಒಳಗೆ ಕೈ ಹಾಕಬೇಕಾಗಿಲ್ಲ, ಸಾಮಾನ್ಯ ಪ್ರೋಗ್ರಾಮಿನಿಂದಲೇ ಮಾತಾಡಬಹುದು. ಕರ್ನಲ್ ಬದಲಾದ್ರೂ, ವಿಂಡೋಸ್ ವರ್ಷನ್ ಬದಲಾದ್ರೂ ಮೇಲಿನ ಕೋಡ್ ಉಳಿಯುತ್ತೆ. ಕಾಕಾನ ಬೋರ್ಡಿಗೆ ಇಲ್ಲದೇ ಹೋದ ಭಾಗ್ಯ ಇದು.

ಹೊಸಬರು ಎಡವೋ ಒಂದು ಜಾಗ ಹೇಳಿಬಿಡ್ತೀನಿ, ಮನೆಗೆ ಹೋಗಿ ಪ್ರಯತ್ನ ಮಾಡೋರಿಗೆ ಬೇಕಾಗುತ್ತೆ. ಲಿನಕ್ಸ್‌ಗೆ ಈ ಕಡ್ಡಿ ಚುಚ್ಚಿದ ತಕ್ಷಣ ಕರ್ನಲ್ ‘ಓ, ಟಿವಿ ಬಂತು’ ಅಂತ ತನ್ನ ಟಿವಿ ಡ್ರೈವರನ್ನ ಹಾಕಿಕೊಂಡು ಕೂರುತ್ತೆ. ಆಮೇಲೆ ನಮ್ಮ ಲೈಬ್ರರಿ ಹೋದ್ರೆ ‘ಬೇರೆಯವ್ರು ಹಿಡ್ಕೊಂಡಿದ್ದಾರೆ’ ಅನ್ನೋ ಎರರ್. ಆ ಟಿವಿ ಡ್ರೈವರನ್ನ ಬ್ಲ್ಯಾಕ್‌ಲಿಸ್ಟ್ ಮಾಡಬೇಕು, ಜೊತೆಗೆ ಯುಡೆವ್ ನಿಯಮ ಒಂದು ಸೇರಿಸಿ ಸಾಮಾನ್ಯ ಬಳಕೆದಾರರಿಗೆ ಅನುಮತಿ ಕೊಡಬೇಕು. ವಿಂಡೋಸಿನಲ್ಲಿ ಇದೇ ಕೆಲಸಕ್ಕೆ ಜಾಡಿಗ್ ಅನ್ನೋ ಟೂಲ್ ಇದೆ, ಕಡ್ಡಿಗೆ ವಿನ್‌ಯುಎಸ್‌ಬಿ ಡ್ರೈವರ್ ಕೂರಿಸುತ್ತೆ. ‘ಕಡ್ಡಿ ಕೆಟ್ಟಿದೆ’ ಅಂತ ನನಗೆ ಬರೋ ಹತ್ತು ಮೆಸೇಜಿನಲ್ಲಿ ಎಂಟು ಇದೇ.

ಇನ್ನೊಂದು ವಿಷಯ, ಡೇಟಾದ ವೇಗ. ಸೆಕೆಂಡಿಗೆ 24 ಲಕ್ಷ ಸ್ಯಾಂಪಲ್ ಅಂತ ಇಟ್ಟುಕೊಳ್ಳಿ, ಒಂದೊಂದಕ್ಕೆ ಎರಡು ಬೈಟ್. ಸೆಕೆಂಡಿಗೆ 4.8 ಮೆಗಾಬೈಟ್ ಆಯ್ತು. ಒಂದು ಗಂಟೆ ರೆಕಾರ್ಡ್ ಮಾಡಿದ್ರೆ 17 ಗಿಗಾಬೈಟ್ ದಾಟುತ್ತೆ. ಮುಖ್ಯ ಏನು ಅಂದ್ರೆ, ಕಡ್ಡಿ ನಿಮಗೋಸ್ಕರ ಕಾಯಲ್ಲ. ಫೈಲ್ ಓದಿದಂಗೆ ‘ಸ್ವಲ್ಪ ತಡಿ’ ಅನ್ನೋಕಾಗಲ್ಲ. ಇದು ಕಾರ್ಪೊರೇಷನ್ ನಳದ ನೀರಿದ್ದಂಗೆ. ಬಂದಾಗ ಬರುತ್ತೆ, ಕೊಡ ತುಂಬಿದ್ರೆ ಚೆಲ್ಲುತ್ತೆ. ಅದಕ್ಕೇ ಲೈಬ್ರರಿ ಒಂದು ಸಾಲು ಕೊಡಗಳನ್ನ ಮೊದಲೇ ಇಟ್ಟಿರುತ್ತೆ. ಒಂದು ಥ್ರೆಡ್ ತುಂಬಿಸ್ತಾ ಹೋಗುತ್ತೆ, ಇನ್ನೊಂದು ಖಾಲಿ ಮಾಡ್ತಾ ಹೋಗುತ್ತೆ. ನೀವು ಆ ಕಾಲ್‌ಬ್ಯಾಕ್ ಒಳಗೇ ಕೂತು ಗ್ರಾಫ್ ಬಿಡಿಸೋಕೆ ಹೋದ್ರೆ ನೀರು ಅಂಗಳಕ್ಕೆ.

ಸರಿ, ಇದರಿಂದ ನಮಗೇನು ಉಪಯೋಗ? ನನಗೆ ಅತಿ ಖುಷಿ ಕೊಟ್ಟ ಉಪಯೋಗ ಹೇಳ್ತೀನಿ. ಧಾರವಾಡ ಆಕಾಶವಾಣಿ.

ನಾನು ಇರೋದು ಈಸ್ಟ್ ಸ್ಟ್ರೀಟ್ ಹಿಂದಿನ ಒಂದು ಹಳೇ ಕಟ್ಟಡದಲ್ಲಿ. ಧಾರವಾಡ ಮೀಡಿಯಂ ವೇವ್‌ನಲ್ಲಿ ಬರೋದು 765 ಕಿಲೋಹರ್ಟ್ಸ್‌ನಲ್ಲಿ. ಇಲ್ಲಿಂದ ಧಾರವಾಡಕ್ಕೆ ನೇರ ಗೆರೆಯಲ್ಲಿ ಸುಮಾರು 350 ಕಿಲೋಮೀಟರ್. ಹಗಲಲ್ಲಿ ಅಯಾನುಗೋಳದ ಕೆಳಗಿನ ಪದರ ಮೀಡಿಯಂ ವೇವನ್ನ ನುಂಗಿಬಿಡುತ್ತೆ. ಸೂರ್ಯ ಮುಳುಗಿದ ಮೇಲೆ ಆ ಪದರ ಕರಗುತ್ತೆ, ಅಲೆ ಮೇಲಿನ ಪದರಕ್ಕೆ ಬಡಿದು ವಾಪಸ್ ಬರುತ್ತೆ. ಅದಕ್ಕೇ ನಮ್ಮ ಅಜ್ಜ ಅಜ್ಜಿಯರ ರೇಡಿಯೋದಲ್ಲಿ ರಾತ್ರಿ ದೂರದ ಸ್ಟೇಷನ್‌ಗಳೆಲ್ಲ ಬರ್ತಿದ್ವು.

ಆದ್ರೆ ಈ ಕಡ್ಡಿಯ ಟ್ಯೂನರ್ 24 ಮೆಗಾಹರ್ಟ್ಸ್‌ಗಿಂತ ಕೆಳಗೆ ಇಳಿಯಲ್ಲ, 765 ಕಿಲೋಹರ್ಟ್ಸ್ ಅಂದ್ರೆ ಒಂದು ಮೆಗಾಹರ್ಟ್ಸ್ ಕೂಡ ಇಲ್ಲ. ಇಲ್ಲಿ ಲೈಬ್ರರಿ ಕೈ ಹಿಡಿಯುತ್ತೆ. ಅದರಲ್ಲಿ ‘ಡೈರೆಕ್ಟ್ ಸ್ಯಾಂಪ್ಲಿಂಗ್’ ಅಂತ ಒಂದು ಫಂಕ್ಷನ್ ಇದೆ. ಟ್ಯೂನರನ್ನ ಪಕ್ಕಕ್ಕೆ ಸರಿಸಿ, ಆಂಟೆನಾವನ್ನ ನೇರ ಚಿಪ್ಪಿನ ಎಡಿಸಿಗೆ ಕೊಡೋದು. ಎಡಿಸಿಯ ಗಡಿಯಾರ 28.8 ಮೆಗಾಹರ್ಟ್ಸ್, ಹಾಗಾಗಿ 14.4ರ ತನಕ ಸಿಗುತ್ತೆ. ಕೆಲವು ಕಡ್ಡಿಗಳಲ್ಲಿ ಒಂದು ವೈರ್ ಬೆಸುಗೆ ಹಾಕಬೇಕು, ಕೆಲವು ಮಾದರಿಗಳಲ್ಲಿ ಮೊದಲೇ ಹಾಕಿರ್ತಾರೆ. ಯೋಚನೆ ಮಾಡಿ, ಟಿವಿ ಕಡ್ಡಿ ಮಾಡಿದ ಯಾವ ಕಂಪನಿ ತಾನೇ ‘ಇದರಲ್ಲಿ ಮೀಡಿಯಂ ವೇವ್ ಕೇಳಿ’ ಅಂತ ಒಂದು ಬಟನ್ ಕೊಡ್ತಿತ್ತು? ಕೋಡ್ ತೆರೆದಿತ್ತು, ಯಾರಿಗೋ ಬೇಕಿತ್ತು, ಸೇರಿಸಿದ್ರು.

ಅಷ್ಟಕ್ಕೇ ಧಾರವಾಡ ಬರಲಿಲ್ಲ. ಪುಣೆ ಆಕಾಶವಾಣಿ ಇರೋದು 792ರಲ್ಲಿ. ಇವೆರಡರ ನಡುವೆ ಇರೋ ಅಂತರ 27 ಕಿಲೋಹರ್ಟ್ಸ್ ಮಾತ್ರ. ಪಕ್ಕದ ಮನೆಯವ್ರು ಮೈಕ್ ಹಾಕಿದಾಗ ದೂರದಲ್ಲಿ ಯಾರೋ ಗುನುಗೋದು ಕೇಳಿಸಬೇಕು ಅಂದಂಗೆ. ಎಡಿಸಿಗೆ ಇರೋದು 8 ಬಿಟ್, 256 ಮೆಟ್ಟಿಲು. ಪುಣೆಯೇ ಅಷ್ಟೂ ಮೆಟ್ಟಿಲು ಹತ್ತಿ ಕೂತುಬಿಡುತ್ತೆ, ಧಾರವಾಡಕ್ಕೆ ಉಳಿಯೋದು ಒಂದೆರಡು. ಇಲ್ಲಿ ಎರಡು ಉಪಾಯ ಇವೆ. ಮೊದಲನೇದು ಸಾಫ್ಟ್‌ವೇರಿನದು. ಸೆಕೆಂಡಿಗೆ 24 ಲಕ್ಷ ಸ್ಯಾಂಪಲ್ ತಗೊಂಡು, ಫಿಲ್ಟರ್ ಮಾಡಿ, 10 ಸಾವಿರಕ್ಕೆ ಇಳಿಸಿದ್ರೆ 240 ಪಟ್ಟು ಇಳಿಸಿದಂತಾಯ್ತು. ಗದ್ದಲ ಸುಮಾರು 24 ಡೆಸಿಬಲ್ ಕೆಳಗೆ ಹೋಗುತ್ತೆ, ಲೆಕ್ಕದಲ್ಲಿ ನಾಲ್ಕು ಬಿಟ್ ಹೆಚ್ಚಿಗೆ ಸಿಕ್ಕಂಗೆ. ಎರಡನೇದು ನಮ್ಮ ಹಿರಿಯರ ಉಪಾಯ. ಫೆರೈಟ್ ಕಡ್ಡಿಯ ಆಂಟೆನಾ ಹಾಕಿ ತಿರುಗಿಸೋದು. ಕಡ್ಡಿಯ ತುದಿ ಸ್ಟೇಷನ್ ಕಡೆ ಮುಖ ಮಾಡಿದ್ರೆ ಆ ಸ್ಟೇಷನ್ ಕುಗ್ಗುತ್ತೆ. ಅಜ್ಜ ರೇಡಿಯೋ ಪೆಟ್ಟಿಗೆನೇ ಎತ್ತಿ ತಿರುಗಿಸ್ತಿದ್ದದ್ದು ಇದಕ್ಕೇ. ಪುಣೆ ಕುಗ್ಗೋ ದಿಕ್ಕು ಹುಡುಕಿದೆ. ಎಂಜಿ ರೋಡಿನ ಅಂಗಡಿಗಳ ಎಲ್‌ಇಡಿ ಬೋರ್ಡುಗಳು ಆರೋವರೆಗೆ ಪರದೆ ತುಂಬ ಗದ್ದಲದ ಗೆರೆಗಳು. ಅಗ್ಗದ ಪವರ್ ಸಪ್ಲೈಗಳ ಗದ್ದಲ ಬಂದು ಬೀಳೋದು ಮೀಡಿಯಂ ವೇವಿನ ಮೇಲೇ. ಅಂಗಡಿ ಬಾಗಿಲು ಹಾಕಿದ ಮೇಲೆ ಗೆರೆಗಳು ಒಂದೊಂದಾಗಿ ಮಾಯ ಆಗಿ, 765ರ ಜಾಗದಲ್ಲಿ ಒಂದು ಸಣ್ಣ ಬೆಳಕು ಉಳೀತು. ಡಿಮಾಡ್ಯುಲೇಟ್ ಮಾಡಿದ್ರೆ ಕನ್ನಡ. ಅಲೆಅಲೆಯಾಗಿ ಏರಿ ಇಳಿದು ಬರ್ತಿತ್ತು, ಆದ್ರೂ ಕನ್ನಡವೇ.

ಮೊಬೈಲ್ ಆ್ಯಪಿನಲ್ಲಿ ಇನ್ನೂ ಸ್ಪಷ್ಟವಾಗಿ ಬರುತ್ತಲ್ಲ ಅಂತ ನೀವು ಕೇಳಬಹುದು. ಕೇಳಿ, ಪರವಾಗಿಲ್ಲ. ನನ್ನ ಹೆಂಡತಿನೂ ಅದನ್ನೇ ಕೇಳಿದ್ಲು.

ಇನ್ನು ಗ್ನೂ ರೇಡಿಯೋ ಬಗ್ಗೆ ಚುಟುಕಾಗಿ. 2001ರಲ್ಲಿ ಎರಿಕ್ ಬ್ಲಾಸಮ್ ಶುರು ಮಾಡಿದ್ದು, ಜಾನ್ ಗಿಲ್ಮೋರ್ ಹಣ ಕೊಟ್ಟಿದ್ದು. ಫಿಲ್ಟರ್, ಡಿಮಾಡ್ಯುಲೇಟರ್ ಎಲ್ಲ ಡಬ್ಬಿಗಳ ರೂಪದಲ್ಲಿ ಸಿಗುತ್ತೆ, ಗೆರೆ ಎಳೆದು ಜೋಡಿಸಿದ್ರೆ ಆಯ್ತು. ಒಳಗಿನ ಭಾರದ ಕೆಲಸ ಸಿ++, ಹೊರಗಿನ ಜೋಡಣೆ ಪೈಥಾನ್. ಸೋಪಿ-ಎಸ್‌ಡಿಆರ್ ಅಂತ ಇನ್ನೊಂದಿದೆ. ಬೇರೆ ಬೇರೆ ಕಂಪನಿಯ ರೇಡಿಯೋಗಳಿಗೆಲ್ಲ ಒಂದೇ ಮುಖ ಕೊಡೋ ಲೈಬ್ರರಿ. ಒಂದು ಸಲ ಬರೆದ ಪ್ರೋಗ್ರಾಮು ಕಡ್ಡಿ ಬದಲಾದ್ರೂ ನಡೆಯುತ್ತೆ. ಇಂಥ ‘ಎಲ್ಲರಿಗೂ ಒಂದೇ ಮುಖ’ದ ಲೈಬ್ರರಿಗಳಿಗೆ ಒಂದು ಬೆಲೆ ಇದೆ. ಎಲ್ಲ ಸಾಧನಕ್ಕೂ ಇರೋ ಗುಣ ಚೆನ್ನಾಗಿ ಕಾಣುತ್ತೆ, ಒಂದಕ್ಕೆ ಮಾತ್ರ ಇರೋ ವಿಶೇಷ ಮೂಲೆಗೆ ಸೇರುತ್ತೆ. ಈಗ ಹೇಳಿದ ಡೈರೆಕ್ಟ್ ಸ್ಯಾಂಪ್ಲಿಂಗ್ ಅಲ್ಲಿ ‘ಇತರೆ ಸೆಟ್ಟಿಂಗ್’ ಅನ್ನೋ ತಲೆಬರಹದ ಕೆಳಗೆ ಸೇರಿಕೊಳ್ಳುತ್ತೆ. ಅದು ನನಗೆ ಒಪ್ಪಿಗೆಯೇ. ಆಯ್ಕೆ ಇರೋದು ಮುಖ್ಯ.

ಇದೆಲ್ಲ ಹವ್ಯಾಸದ ಆಟ ಅನ್ನಿಸಬಹುದು. ಹಾಗಾದ್ರೆ ನಾಸಿಕ್ ರಸ್ತೆಯಲ್ಲಿ ಸುಮಾರು 80 ಕಿಲೋಮೀಟರ್ ಹೋಗಿ. ನಾರಾಯಣಗಾಂವ್ ಪಕ್ಕ ಖೋಡದ್‌ನಲ್ಲಿ ಜಿಎಂಆರ್‌ಟಿ ಇದೆ. ಗೋವಿಂದ ಸ್ವರೂಪ್ ಅವರ ಕನಸಿನ ರೇಡಿಯೋ ದೂರದರ್ಶಕ. 45 ಮೀಟರ್ ಅಗಲದ 30 ಡಿಶ್‌ಗಳು, ಕೆಲವು ನಡುವಿನಲ್ಲಿ ಗುಂಪಾಗಿ, ಉಳಿದವು ವೈ ಅಕ್ಷರದ ಆಕಾರದಲ್ಲಿ 25 ಕಿಲೋಮೀಟರ್ ಹರಡಿಕೊಂಡಿವೆ. ನಮ್ಮ ಕಡೆ ಗೌರಿಬಿದನೂರಿನಲ್ಲೂ ಇಂಥದ್ದೊಂದು ಪರಂಪರೆ ಇದೆ, 34.5 ಮೆಗಾಹರ್ಟ್ಸ್‌ನಲ್ಲಿ ಕೆಲಸ ಮಾಡಿದ ಟಿ ಆಕಾರದ ಆಂಟೆನಾ ಸಾಲು. ಅದರ ಬಗ್ಗೆ ಇನ್ನೊಂದು ದಿನ ಮಾತಾಡೋಣ.

ಜಿಎಂಆರ್‌ಟಿಯಲ್ಲಿ 30 ಡಿಶ್‌ಗಳನ್ನ ಎರಡೆರಡಾಗಿ ಹೋಲಿಸಬೇಕು. 30 ಇದ್ದರೆ ಜೋಡಿ 435. ಈ ಹೋಲಿಸೋ ಯಂತ್ರಕ್ಕೆ ಕೋರಿಲೇಟರ್ ಅಂತಾರೆ. ಮೊದಲಿದ್ದದ್ದು ಅದಕ್ಕಾಗಿಯೇ ಕಟ್ಟಿದ ಹಾರ್ಡ್‌ವೇರ್. ಆಮೇಲೆ ಅಲ್ಲಿನವ್ರು ಬೇರೆ ದಾರಿ ಹಿಡಿದ್ರು. 2010ರಲ್ಲಿ ಪ್ರಕಟವಾದ ಅವರ ಪ್ರಬಂಧದಲ್ಲಿ ವಿವರ ಇದೆ. ಅಂಗಡಿಯಲ್ಲಿ ಸಿಗೋ ಸಾಮಾನುಗಳಿಂದಲೇ, 48 ಕಂಪ್ಯೂಟರ್‌ಗಳ ಲಿನಕ್ಸ್ ಕ್ಲಸ್ಟರ್ ಮತ್ತು ಪಿಸಿಐ ಎಡಿಸಿ ಕಾರ್ಡುಗಳಿಂದ, 32 ಆಂಟೆನಾಗಳಿಗೆ ಆಗುವಷ್ಟು, 33 ಮೆಗಾಹರ್ಟ್ಸ್ ಪಟ್ಟಿಯ ಸಾಫ್ಟ್‌ವೇರ್ ಬ್ಯಾಕೆಂಡ್ ಕಟ್ಟಿದ್ರು. ಪಿಸಿಐ ಕಾರ್ಡು, ಗಮನಿಸಿ. ಕಾಕಾನ ಬೋರ್ಡು ಕೂರ್ತಿದ್ದ ಅದೇ ಜಾತಿಯ ಸ್ಲಾಟು.

ನೈಕ್ವಿಸ್ಟ್ ಲೆಕ್ಕದಲ್ಲಿ 33 ಮೆಗಾಹರ್ಟ್ಸ್ ಪಟ್ಟಿಗೆ ಸೆಕೆಂಡಿಗೆ ಕನಿಷ್ಠ 6.6 ಕೋಟಿ ಸ್ಯಾಂಪಲ್. ಒಂದು ಆಂಟೆನಾಗೆ ಎರಡು ಧ್ರುವೀಕರಣ, ಒಟ್ಟು 64 ಸಾಲು. ಎಲ್ಲ ಸೇರಿ ಸೆಕೆಂಡಿಗೆ 420 ಕೋಟಿ ಮೀರುತ್ತೆ. ಅಲ್ಲೂ ನಳ ಕಾಯಲ್ಲ. ಆಕಾಶ ‘ಸ್ವಲ್ಪ ತಡಿ’ ಅಂದ್ರೆ ಕೇಳಲ್ಲ. ಒಂದು ಥ್ರೆಡ್ ತುಂಬಿಸೋದು, ಇನ್ನೊಂದು ಖಾಲಿ ಮಾಡೋದು ಅನ್ನೋ ಅದೇ ತಲೆನೋವು ಅಲ್ಲಿ ದೊಡ್ಡ ಪ್ರಮಾಣದಲ್ಲಿ. ಲಾಭ ಏನು ಅಂದ್ರೆ, ಸಂಕೇತದೊಳಗೆ ನುಗ್ಗೋ ಮೊಬೈಲ್, ವಿದ್ಯುತ್ ಲೈನ್‌ಗಳ ಗದ್ದಲ ತೆಗೆಯೋಕೆ ಹೊಸ ಉಪಾಯ ಹೊಳೆದ್ರೆ ಬೋರ್ಡು ಬಿಚ್ಚಬೇಕಾಗಿಲ್ಲ, ಕೋಡ್ ತಿದ್ದಿದ್ರೆ ಸಾಕು. ಮುಂದೆ ದೂರದರ್ಶಕವನ್ನ ಮೇಲ್ದರ್ಜೆಗೆ ಏರಿಸಿದಾಗ 400 ಮೆಗಾಹರ್ಟ್ಸ್ ಪಟ್ಟಿಗೆ ಹೋದ್ರು, ಎಫ್‌ಪಿಜಿಎ ಮತ್ತು ಗ್ರಾಫಿಕ್ಸ್ ಕಾರ್ಡ್ ಸೇರಿಸಿಕೊಂಡ್ರು. ಸಾಫ್ಟ್‌ವೇರ್ ತಮ್ಮ ಕೈಯಲ್ಲಿದ್ದವರಿಗೆ ಹಾರ್ಡ್‌ವೇರ್ ಬದಲಿಸೋದು ಒಂದು ಪ್ರಾಜೆಕ್ಟು. ಇಲ್ಲದವರಿಗೆ ಅದು ಹೊಸ ಟೆಂಡರು.

ಈಗ ಎರಡನೇ ಡಬ್ಬಿ, ಎಕ್ಸ್‌ಪ್-ಐಸ್. ದೆಹಲಿಯ ಅಂತರ ವಿಶ್ವವಿದ್ಯಾಲಯ ವೇಗವರ್ಧಕ ಕೇಂದ್ರದಲ್ಲಿ ಫೀನಿಕ್ಸ್ ಅನ್ನೋ ಯೋಜನೆ ಇತ್ತು. ಅಜಿತ್ ಕುಮಾರ್ ಅನ್ನೋ ವಿಜ್ಞಾನಿಯ ಮುಂದಾಳ್ತನದಲ್ಲಿ, ಕಾಲೇಜಿನ ಮಕ್ಕಳು ತಮ್ಮ ಕೈಯಾರೆ ಪ್ರಯೋಗ ಮಾಡಲಿ ಅಂತ ಶುರುವಾದದ್ದು. ಅದರ ಮುಂದುವರಿಕೆ ಇದು. ಸರ್ಕ್ಯೂಟ್ ನಕ್ಷೆ ತೆರೆದಿದೆ, ಪೈಥಾನ್ ಲೈಬ್ರರಿ ತೆರೆದಿದೆ. ತೆರೆದ ಮೇಲೆ ‘ಎ1ರ ವೋಲ್ಟೇಜ್ ಕೊಡು’ ಅಂತ ಒಂದು ಸಾಲು ಬರೆದ್ರೆ ಅಂಕಿ ಬರುತ್ತೆ. ಇನ್ನೊಂದು ಸಾಲಿಗೆ ಸೈನ್ ಅಲೆ ಹೊರಗೆ ಬರುತ್ತೆ.

ಅದರ ವಿನ್ಯಾಸದಲ್ಲಿ ನನಗೆ ಅತಿ ಇಷ್ಟ ಆದದ್ದು ಸಮಯದ ವಿಷಯ. ಡೆಸ್ಕ್‌ಟಾಪ್ ಕಂಪ್ಯೂಟರಿನ ಗಡಿಯಾರವನ್ನ ಸಣ್ಣ ಸಮಯ ಅಳೆಯೋಕೆ ನಂಬಬೇಡಿ. ವಿಂಡೋಸೋ ಲಿನಕ್ಸೋ, ನೂರೆಂಟು ಕೆಲಸ ಮಾಡ್ತಾ ನಿಮ್ಮ ಪ್ರೋಗ್ರಾಮಿಗೆ ಯಾವಾಗಲೋ ಸರದಿ ಕೊಡುತ್ತೆ. ಯುಎಸ್‌ಬಿ ಸೀರಿಯಲ್ ಚಿಪ್‌ಗಳೂ ಅಷ್ಟೇ. ಎಫ್‌ಟಿಡಿಐ ಚಿಪ್ಪು ನಾಲ್ಕು ಬೈಟ್ ಬಂದ್ರೂ ಕೂಡಲೇ ಕಳಿಸಲ್ಲ, ಮಾಮೂಲಿ ಸೆಟ್ಟಿಂಗಿನಲ್ಲಿ 16 ಮಿಲಿಸೆಕೆಂಡ್ ತನಕ ಹಿಡಿದಿಟ್ಟುಕೊಳ್ಳುತ್ತೆ. ಲೋಲಕದ ಅವಧಿ ಅಳೆಯೋ ಹುಡುಗನ ಅಂಕಿಯಲ್ಲಿ ಆ 16 ಮಿಲಿಸೆಕೆಂಡ್ ಬಂದು ಕೂತರೆ ಗುರುತ್ವದ ಬೆಲೆ ಪ್ರತಿ ಸಲ ಬೇರೆ. ಎಕ್ಸ್‌ಪ್-ಐಸ್‌ನಲ್ಲಿ ಸಮಯ ಅಳೆಯೋದು ಡಬ್ಬಿಯೊಳಗಿನ ಮೈಕ್ರೋಕಂಟ್ರೋಲರ್. ಅಳೆದು ಮುಗಿದ ಮೇಲೆ ಉತ್ತರ ಮಾತ್ರ ಪೈಥಾನಿಗೆ ಬರುತ್ತೆ. ದಾರಿಯಲ್ಲಿ ಎಷ್ಟು ತಡ ಆದ್ರೂ ಉತ್ತರ ಕೆಡಲ್ಲ. ಆರ್ಡುಯಿನೋಗೆ ಸೆನ್ಸಾರ್ ಹಾಕಿ ಪೈಸೀರಿಯಲ್‌ನಿಂದ ಓದೋರು ಈ ನಿಯಮ ಒಂದನ್ನ ಪಾಲಿಸಿದ್ರೆ ಅರ್ಧ ಗೋಳು ಕಮ್ಮಿ.

ಎಫ್‌ಟಿಡಿಐ ಹೆಸರು ಬಂತು, ಅದರದ್ದೊಂದು ಪ್ರಸಂಗ ಹೇಳಿ ಮುಂದೆ ಹೋಗ್ತೀನಿ. ಅವರ ಚಿಪ್‌ನ ನಕಲುಗಳು ಮಾರುಕಟ್ಟೆ ತುಂಬ ಇದ್ವು. 2014ರ ಅಕ್ಟೋಬರ್‌ನಲ್ಲಿ ವಿಂಡೋಸ್ ಅಪ್‌ಡೇಟಿನ ಮೂಲಕ ಬಂದ ಅವರ ಹೊಸ ಡ್ರೈವರ್ ನಕಲಿ ಚಿಪ್ ಸಿಕ್ಕರೆ ಅದರ ಪ್ರಾಡಕ್ಟ್ ನಂಬರನ್ನ ಸೊನ್ನೆ ಮಾಡಿಬಿಡ್ತಿತ್ತು. ಆಮೇಲೆ ಆ ಸಾಧನವನ್ನ ಕಂಪ್ಯೂಟರ್ ಗುರುತಿಸ್ತಾನೇ ಇರಲಿಲ್ಲ. ನಕಲು ಮಾಡೋದು ತಪ್ಪೇ, ಆದ್ರೆ ಬೋರ್ಡು ಕೊಂಡವನಿಗೆ ಒಳಗಿನ ಚಿಪ್ ಅಸಲಿಯೋ ನಕಲಿಯೋ ಏನು ಗೊತ್ತು? ಗಲಾಟೆ ಆಗಿ ಆ ಡ್ರೈವರ್ ವಾಪಸ್ ತಗೊಂಡ್ರು. ಬುಧವಾರ ಪೇಟೆಯ ತಾಪ್ಕೀರ್ ಗಲ್ಲಿಯಲ್ಲಿ ಅಗ್ಗದ ಬೋರ್ಡು ಕೊಳ್ಳೋರು ನಾವು, ನಮಗೆ ಇದು ದೂರದ ಸುದ್ದಿ ಅಲ್ಲ. ಡ್ರೈವರ್ ಯಾರ ಕೈಯಲ್ಲಿದೆಯೋ ನಿಮ್ಮ ಮೇಜಿನ ಮೇಲಿನ ಸಾಧನ ಅವರ ಕೈಯಲ್ಲಿದೆ.

ಈಗ ಕಾಕಾನ ಲ್ಯಾಬಿಗೆ ವಾಪಸ್ ಹೋಗಬೇಕು, ಯಾಕಂದ್ರೆ ವಿಷಯ ಇನ್ನೂ ಮುಗಿದಿಲ್ಲ. ಅವರ ವಿಭಾಗಕ್ಕೆ ಈ ವರ್ಷ ಉಪಕರಣಕ್ಕೆ ಸ್ವಲ್ಪ ದುಡ್ಡು ಬಂದಿದೆ. ಎರಡು ಕೊಟೇಶನ್ ಇದೆ. ಒಂದು, ಮಿರುಗೋ ಸ್ಕ್ರೀನ್ ಇರೋ ಸಿದ್ಧ ಸೆಟಪ್, ಅದರದೇ ಸಾಫ್ಟ್‌ವೇರ್, ವರ್ಷಕ್ಕೊಮ್ಮೆ ಲೈಸೆನ್ಸ್ ನವೀಕರಣ. ಒಂದೇ ಸೆಟ್ ಬರುತ್ತೆ. ಇನ್ನೊಂದು, ಅದೇ ದುಡ್ಡಿಗೆ ಇಂಥ ತೆರೆದ ಡಬ್ಬಿಗಳು, ಬೆಂಚಿಗೆ ಒಂದರಂತೆ. ಒಂದೇ ಸೆಟ್ ಅಂದ್ರೆ ಏನಾಗುತ್ತೆ ನಿಮಗೆ ಗೊತ್ತು. ಮೇಷ್ಟ್ರು ಮುಂದೆ ನಿಂತು ತೋರಿಸ್ತಾರೆ, ನಲವತ್ತು ಮಕ್ಕಳು ಹಿಂದೆ ನಿಂತು ಕತ್ತು ಚಾಚ್ತಾರೆ, ರೆಕಾರ್ಡ್ ಪುಸ್ತಕದಲ್ಲಿ ಎಲ್ಲರ ರೀಡಿಂಗೂ ಒಂದೇ. ಕಾಕಾ ಮಾರ್ಚ್‌ಗೆ ರಿಟೈರ್ ಆಗ್ತಾರೆ. ಅವರ ಭಯ ಬೇರೆ. “ನಾ ಇರೂತನಕ ನಡಸ್ತೇನಿ. ನಾ ಹೋದ ಮ್ಯಾಲೆ ಈ ಪೈಥಾನ್ ಯಾರು ನೋಡ್ತಾರ? ಕಂಪನಿ ಮಾಲಾದ್ರ ಫೋನ್ ಮಾಡಾಕ ನಂಬರಾದ್ರೂ ಇರತದ” ಅಂದ್ರು.

ಈ ಮಾತನ್ನ ನಾನು ತಳ್ಳಿ ಹಾಕಲ್ಲ. ತೆರೆದ ಲೈಬ್ರರಿ ತಾನಾಗೇ ಬದುಕಲ್ಲ. ಯಾರಾದ್ರೂ ಹೊಸ ಪೈಥಾನಿಗೆ ಹೊಂದಿಸ್ತಾ ಇರಬೇಕು. ಪೈಥಾನ್ 2ರಿಂದ 3ಕ್ಕೆ ಹೋಗುವಾಗ ಎಷ್ಟೋ ಲ್ಯಾಬಿನ ಕೋಡು ಅಲ್ಲೇ ಸತ್ತು ಬಿತ್ತು. ವ್ಯತ್ಯಾಸ ಇಷ್ಟೇ. ಅಲ್ಲಿ ಸತ್ತಿದ್ದನ್ನ ಒಬ್ಬ ವಿದ್ಯಾರ್ಥಿ ಒಂದು ವಾರ ಕೂತು ಎಬ್ಬಿಸಬಹುದು. ಈ ಹಸಿರು ಬೋರ್ಡನ್ನ ಎಂಟೆಕ್ ಮಾಡಿ, ಇದೇ ಕೆಲಸ ಮಾಡ್ತಾ ಇರೋ ನಾನು ಎಬ್ಬಿಸೋಕಾಗಲಿಲ್ಲ. ಕೊಟೇಶನ್ ತರೋ ಪ್ರತಿನಿಧಿಗೆ ಎರಡು ಪ್ರಶ್ನೆ ಕೇಳಿ ಅಂತ ಕಾಕಾಗೆ ಬರೆದುಕೊಟ್ಟಿದ್ದೀನಿ. ಕಂಪ್ಯೂಟರಿಗೂ ಡಬ್ಬಿಗೂ ನಡುವೆ ಓಡಾಡೋ ಪ್ರೋಟೋಕಾಲ್ ಬರೆದುಕೊಡ್ತೀರಾ? ನಿಮ್ಮ ಸಾಫ್ಟ್‌ವೇರ್ ಇಲ್ಲದೇ ರೀಡಿಂಗ್ ತೆಗೆಯೋಕೆ ಬರುತ್ತಾ? ಎರಡಕ್ಕೂ ‘ಹೌದು’ ಅಂತ ಕಾಗದದ ಮೇಲೆ ಕೊಟ್ರೆ ಯಾರ ಮಾಲಾದ್ರೂ ತಗೊಳ್ಳಿ. ಖರೀದಿ ಸಮಿತಿ ಸಭೆ ಮುಂದಿನ ತಿಂಗಳು.

ಸಮಯ ಆಯ್ತು, ಪ್ರಶ್ನೆಗಳಿಗೆ ಬರೋಣ.

ಮೊದಲ ಪ್ರಶ್ನೆ: ಈ ಕಡ್ಡಿ ಇಟ್ಟುಕೊಂಡು ಏನು ಬೇಕಾದ್ರೂ ಕೇಳಬಹುದಾ?

ಇಲ್ಲ. ತಾಂತ್ರಿಕವಾಗಿ ಸಿಗೋದೆಲ್ಲ ಕೇಳೋಕೆ ಅಂತ ಅಲ್ಲ. ನಾವು ಕೂತಿರೋದು ಕಂಟೋನ್ಮೆಂಟಿನಲ್ಲಿ, ಸೇನೆಯ ದಕ್ಷಿಣ ಕಮಾಂಡಿನ ಮುಖ್ಯ ಕಚೇರಿ ಇರೋ ಊರಲ್ಲಿ. ಪ್ರಸಾರ ಕೇಂದ್ರಗಳು, ಹವ್ಯಾಸಿ ಪಟ್ಟಿಗಳು, ನಿಮ್ಮದೇ ಸೆನ್ಸಾರ್‌ಗಳು, ಇಷ್ಟರಲ್ಲೇ ಇರಿ. ಕಲಿಯೋಕೆ ಅಷ್ಟು ಧಾರಾಳ ಸಾಕು. ಈ ಕಡ್ಡಿ ಕೇಳುತ್ತೆ ಅಷ್ಟೇ, ಕಳಿಸಲ್ಲ. ಹವ್ಯಾಸಿ ಪಟ್ಟಿಯಲ್ಲಿ ಕಳಿಸಬೇಕು ಅಂದ್ರೆ ಪರೀಕ್ಷೆ ಬರೆದು ಪರವಾನಗಿ ತಗೊಳ್ಳಿ.

ಎರಡನೇದು: ನಮ್ಮ ಮಗಳು ಪಿಯುಸಿ, ಎಲ್ಲಿಂದ ಶುರು ಮಾಡಲಿ?

ರೇಡಿಯೋದಿಂದ ಬೇಡ, ಗಣಿತ ಜಾಸ್ತಿ ಆಗಿ ಬಿಟ್ಟುಬಿಡ್ತಾಳೆ. ಒಂದು ಡಿಎಸ್18ಬಿ20 ಉಷ್ಣತೆ ಸೆನ್ಸಾರ್, ಒಂದು ಅಗ್ಗದ ಆರ್ಡುಯಿನೋ, ಪೈಸೀರಿಯಲ್. ಆ ಸೆನ್ಸಾರ್ 12 ಬಿಟ್‌ನಲ್ಲಿ ಒಂದು ರೀಡಿಂಗ್ ಕೊಡೋಕೆ ಮುಕ್ಕಾಲು ಸೆಕೆಂಡ್ ತಗೊಳ್ಳುತ್ತೆ, ಅದನ್ನ ಮೊದಲೇ ಹೇಳಿ, ಇಲ್ಲದಿದ್ರೆ ಕೆಟ್ಟಿದೆ ಅಂದುಕೊಳ್ತಾಳೆ. ಅಡುಗೆಮನೆಯಲ್ಲಿ ಇಟ್ಟು ಒಂದು ದಿನದ ಗ್ರಾಫ್ ತೆಗೀಲಿ. ಒಗ್ಗರಣೆ ಹಾಕಿದ ಹೊತ್ತು ಗ್ರಾಫಿನಲ್ಲಿ ಕಂಡ ಮೇಲೆ ಮುಂದಿನ ಸೆನ್ಸಾರನ್ನ ಅವಳೇ ಕೇಳ್ತಾಳೆ.

ಕೊನೇದು, ಹಿಂದಿನ ಸಾಲಿನಿಂದ: ಆ ಹಸಿರು ಬೋರ್ಡು ಏನು ಮಾಡ್ತೀರಿ?

ಕಾಕಾ ವಾಪಸ್ ಬೇಡ ಅಂದಿದ್ದಾರೆ. ನನ್ನ ಹತ್ತಿರ ಇದೆ. ಯಾರ ಹತ್ತಿರವಾದ್ರೂ ಇಂಥದ್ದೇ ಬೋರ್ಡು, ಚಾಲೂ ಇರೋ ಎಕ್ಸ್‌ಪಿ ಮಷೀನಿನ ಜೊತೆ ಇದ್ದರೆ ಹೇಳಿ. ಡ್ರೈವರ್ ಓಡುವಾಗ ಅದು ಯಾವ ರಿಜಿಸ್ಟರಿಗೆ ಏನು ಬರೆಯುತ್ತೆ ಅಂತ ಹಿಡಿದು ನೋಡಬೇಕು. ಎರಡು ಶನಿವಾರ ಸಾಕು ಅನ್ಸುತ್ತೆ.